ಬೇಲಿಗೂ ಸೈ, ಉಪ್ಪಿನಕಾಯಿಗೂ ಸೈ: ಕವಳೆ

ಬೇಸಿಗೆಯ ಆರಂಭದಲ್ಲಿ ಹೊಲದ ಬದುವಿನಿಂದ ಮಲ್ಲಿಗೆಯಂಥ ಕಂಪು ಬಂದರೆ ಅದು ಕವಳೆ ಹೂ ಬಿಟ್ಟ ಗುರುತು. ಕರಾವಳಿಯವರಿಗೆ ಇದು ಕರಂಡೆ, ಉತ್ತರ ಕರ್ನಾಟಕದವರಿಗೆ ಕವಳಿ. ಬದು ಸವರಿ ತಂತಿ ಎಳೆದ ಕಡೆಯೆಲ್ಲ ಈ ಮುಳ್ಳುಪೊದೆ ಕಾಣೆಯಾಗಿದೆ. ಅದರೊಡನೆ ಮಕ್ಕಳ ಬಾಯಿಗೆ ಸಿಗುತ್ತಿದ್ದ ಹಣ್ಣೂ ಹೋಯಿತು.

ಶ್ರೀರಂಗಪಟ್ಟಣ, ಪಾಂಡವಪುರದ ನಾಲೆ ಬಯಲಿನ ಗದ್ದೆಗೆ ಇದು ಹೇಳಿಸಿದ ಗಿಡವಲ್ಲ; ನೀರು ನಿಂತರೆ ಸೊರಗುತ್ತದೆ. ಆದರೆ ನಾಗಮಂಗಲದ ರಾಗಿ, ಹುರುಳಿ ಹೊಲಕ್ಕೂ, ಕೃಷ್ಣರಾಜಪೇಟೆಯಲ್ಲಿ ಹೇಮಾವತಿ ನಾಲೆಯ ನೀರು ಹತ್ತದ ದಿಣ್ಣೆಗೂ, ಮೇಲುಕೋಟೆ ಸುತ್ತಿನ ಕಲ್ಲುನೆಲಕ್ಕೂ ಚೆನ್ನಾಗಿ ಒಗ್ಗುತ್ತದೆ. ಕಲ್ಲುಕಂಬ, ಮುಳ್ಳುತಂತಿಗೆ ಸಾಲ ಮಾಡಲಾರದ ಖುಷ್ಕಿ ರೈತನಿಗೆ ಇದು ಕೈಗೆಟುಕುವ ಬೇಲಿ.

ಸಸಿ ಮಾಡುವ ಕ್ರಮ

ಮಳೆಗಾಲದಲ್ಲಿ ಪೂರ್ತಿ ಮಾಗಿದ ಹಣ್ಣಿನ ಬೀಜವನ್ನು ತೊಳೆದು, ತಡಮಾಡದೆ ಬಿತ್ತಬೇಕು. ಇಟ್ಟಷ್ಟೂ ಮೊಳೆಯುವ ಶಕ್ತಿ ಕುಂದುತ್ತದೆ. ಮುಂದಿನ ಮುಂಗಾರಿಗೆ ಬದುವಿನ ಮೇಲೆ 2 ಅಡಿಗೊಂದರಂತೆ ನೆಡಬಹುದು. ಚೌಕವಾದ ಒಂದು ಎಕರೆಯ ಸುತ್ತಳತೆ ಸುಮಾರು 835 ಅಡಿ. ಅದಕ್ಕೆ ಸುಮಾರು 420 ಸಸಿ ಸಾಕು. ಮೊದಲ ಬೇಸಿಗೆಯಲ್ಲಿ ಆಗಾಗ ನೀರು ಕೊಡಿ. ತುದಿ ಚಿವುಟುತ್ತಿದ್ದರೆ ಬುಡದಿಂದಲೇ ಕವಲೊಡೆದು ದಟ್ಟವಾಗುತ್ತದೆ. ಬೇಲಿ ಕೂಡಿಕೊಳ್ಳಲು ಮೂರ್ನಾಲ್ಕು ವರ್ಷ ಬೇಕು. ಅಲ್ಲಿಯವರೆಗೆ ಒಣಮುಳ್ಳಿನ ಆಸರೆ ಬಿಡುವಂತಿಲ್ಲ. ದನಕುರಿಗಳನ್ನು ತಡೆದೀತು, ಕಾಡುಹಂದಿಯ ಕಾಟವಿರುವಲ್ಲಿ ಇದೊಂದನ್ನೇ ನಂಬಬಾರದು.

ಕಾಯಿ, ಹಣ್ಣಿನ ಬಳಕೆ

ಎಳೆಗಾಯಿ ಉಪ್ಪಿನಕಾಯಿಗೆ, ಚಟ್ನಿಗೆ ಹೇಳಿ ಮಾಡಿಸಿದ್ದು. ಕೊಯ್ದಾಗ ಒಸರುವ ಹಾಲಿನಂಥ ಅಂಟು ಹೋಗಲು ಕಾಯನ್ನು ಉಪ್ಪುನೀರಿನಲ್ಲಿ ನೆನೆಸಿ ತೊಳೆಯಬೇಕು. ಪೆಕ್ಟಿನ್ ಹೆಚ್ಚಾಗಿರುವುದರಿಂದ ಜೆಲ್ಲಿ ಬೇಗ ಹೆಪ್ಪುಗಟ್ಟುತ್ತದೆ. ಬೇಕರಿಯ ಕೆಂಪು 'ಚೆರ್ರಿ' ಎಷ್ಟೋ ವೇಳೆ ಸಕ್ಕರೆಪಾಕದಲ್ಲಿ ಬಣ್ಣಗಟ್ಟಿದ ಕವಳೆಯೇ! ಮಾರಾಟದ ಉದ್ದೇಶವಿದ್ದರೆ ಪಂತನಗರ ಕೃಷಿ ವಿಶ್ವವಿದ್ಯಾನಿಲಯದ ಪಂತ್ ಮನೋಹರ್, ಪಂತ್ ಸುದರ್ಶನ್, ಪಂತ್ ಸುವರ್ಣ ಅಥವಾ ದಾಪೋಲಿಯ ಕೊಂಕಣ್ ಬೋಲ್ಡ್ ತಳಿಗಳನ್ನು ವಿಚಾರಿಸಬಹುದು. ಆದರೆ ನೆಡುವ ಮೊದಲೇ ಕೊಳ್ಳುವವರನ್ನು ಗೊತ್ತುಮಾಡಿಕೊಳ್ಳುವುದು ಜಾಣತನ.

ಒಂದು ಎಚ್ಚರಿಕೆ: ವಿಷಕಾರಿ ಕಣಗಿಲೆಯೂ ಇದೇ ಕುಟುಂಬದ್ದು, ಅದರಲ್ಲೂ ಹಾಲುಂಟು. ಕವಳೆಗೆ ಜೋಡಿಮುಳ್ಳುಂಟು, ಕಣಗಿಲೆಗೆ ಮುಳ್ಳಿಲ್ಲ. ಈ ಗುರುತನ್ನು ಮಕ್ಕಳಿಗೆ ತಪ್ಪದೆ ಕಲಿಸಿ.

ಊರಿನ ಹಳೆಯ ಬೇಲಿಯಲ್ಲಿ ಒಂದು ಪೊದೆ ಉಳಿದಿದ್ದರೂ ಅದನ್ನು ಕಡಿಯಬೇಡಿ. ಮುಂದಿನ ಬೇಲಿಯ ಬೀಜ ಅಲ್ಲಿಯೇ ಇದೆ.