ಅಂಕಿಗಳೊಳಗಿನ ಅಕ್ಷರ

ಅನ್ನಪೂರ್ಣ ಎಂಬ ವಿದ್ಯಾರ್ಥಿನಿಯೊಬ್ಬಳು ವಿದ್ಯಾರ್ಥಿವೇತನಕ್ಕಾಗಿ ಅರ್ಜಿ ಸಲ್ಲಿಸಿದ್ದಾಳೆಂದು ಭಾವಿಸೋಣ. ಅರ್ಜಿಯಲ್ಲಿ ಅವಳು ತನ್ನ ಹೆಸರನ್ನು ತಪ್ಪಿಲ್ಲದೆ ಬರೆದಿದ್ದಾಳೆ. ಕೆಲವು ದಿನಗಳ ತರುವಾಯ ಗಣಕಯಂತ್ರವು ಅಚ್ಚುಮಾಡಿಕೊಟ್ಟ ಪಟ್ಟಿಯಲ್ಲಿ ‘ಅನ್ನಪೂ’ ಎಂಬಷ್ಟು ಮಾತ್ರವೇ ಇದ್ದು, ಅದರ ಮುಂದೆ ಕಪ್ಪು ವಜ್ರಾಕೃತಿಯೊಳಗೆ ಒಂದು ಪ್ರಶ್ನಾರ್ಥಕ ಚಿಹ್ನೆ ಕಾಣಿಸುತ್ತದೆ. ಶಾಲೆಯ ದಾಖಲೆಯಲ್ಲಿರುವ ಹೆಸರಿಗೂ ಪಟ್ಟಿಯಲ್ಲಿರುವ ಹೆಸರಿಗೂ ತಾಳೆಯಾಗದಿದ್ದರೆ ಅವಳಿಗೆ ಸಲ್ಲಬೇಕಾದ ಹಣವೇ ತಡೆದು ನಿಲ್ಲಬಹುದು. ಬರೆದವಳು ತಪ್ಪು ಮಾಡಲಿಲ್ಲ. ಯಂತ್ರವಾದರೋ ತನಗೆ ಹೇಳಿದಷ್ಟನ್ನೇ ಮಾಡಿತು. ಹಾಗಾದರೆ ‘ರ್ಣ’ ಎಲ್ಲಿ ಹೋಯಿತು? ಇದನ್ನು ತಿಳಿಯಬೇಕಾದರೆ, ಯಂತ್ರವು ಅಕ್ಷರಗಳನ್ನು ಯಾವ ರೂಪದಲ್ಲಿ ಇಟ್ಟುಕೊಳ್ಳುತ್ತದೆ ಎಂಬುದನ್ನು ಮೊದಲು ಅರಿಯಬೇಕು.

ಗಣಕಯಂತ್ರಕ್ಕೆ ಅಕ್ಷರದ ಪರಿಚಯವಿಲ್ಲ. ಅದು ಬಲ್ಲದ್ದು ಸೊನ್ನೆ ಮತ್ತು ಒಂದು ಎಂಬ ಎರಡೇ ಅಂಕಿಗಳನ್ನು. ಇಂತಹ ಒಂದು ಅಂಕಿಗೆ ‘ಬಿಟ್’ ಎಂದೂ ಎಂಟು ಬಿಟ್‌ಗಳ ಗುಂಪಿಗೆ ‘ಬೈಟ್’ ಎಂದೂ ಹೆಸರು. ಒಂದು ಬೈಟ್‌ನಲ್ಲಿ 0 ಯಿಂದ 255ರವರೆಗಿನ ಯಾವುದಾದರೂ ಒಂದು ಸಂಖ್ಯೆಯನ್ನು ಇಡಬಹುದು. ಯಾವ ಸಂಖ್ಯೆ ಯಾವ ಅಕ್ಷರಕ್ಕೆ ಸಲ್ಲುತ್ತದೆ ಎಂಬುದನ್ನು ಮನುಷ್ಯರು ಮುಂಚಿತವಾಗಿ ಒಪ್ಪಿಕೊಂಡಿರಬೇಕು. ಈ ಒಪ್ಪಂದವೇ ಸಂಕೇತ ಪದ್ಧತಿ. ಇದೇನೂ ಹೊಸ ಕಲ್ಪನೆಯಲ್ಲ. 1844ರಲ್ಲಿ ಸ್ಯಾಮ್ಯುಯೆಲ್ ಮಾರ್ಸನು ವಾಷಿಂಗ್‌ಟನ್ನಿನಿಂದ ಬಾಲ್ಟಿಮೋರಿಗೆ ತಂತಿಯ ಮೂಲಕ ಸಂದೇಶ ಕಳುಹಿಸಿದಾಗ ತಂತಿಯಲ್ಲಿ ಹರಿದದ್ದು ಅಕ್ಷರಗಳಲ್ಲ, ಚುಕ್ಕೆ ಮತ್ತು ಗೆರೆಗಳ ಸಂಕೇತಗಳು. ಎರಡು ತುದಿಗಳಲ್ಲಿದ್ದವರ ಬಳಿಯೂ ಒಂದೇ ಸಂಕೇತಪಟ್ಟಿ ಇದ್ದುದರಿಂದಲೇ ಅವು ಮತ್ತೆ ಮಾತಾಗಿ ಮಾರ್ಪಟ್ಟವು.

ಗಣಕಯಂತ್ರಗಳಿಗಾಗಿ ಅಮೆರಿಕದಲ್ಲಿ 1963ರಲ್ಲಿ ‘ಆಸ್ಕಿ’ ಎಂಬ ಪಟ್ಟಿ ಸಿದ್ಧವಾಯಿತು. ಏಳು ಬಿಟ್‌ಗಳನ್ನು ಮಾತ್ರ ಬಳಸುವ ಈ ಪಟ್ಟಿಯಲ್ಲಿ 128 ಸ್ಥಾನಗಳಿವೆ. ರೋಮನ್ ಲಿಪಿಯ ದೊಡ್ಡ ‘ಎ’ ಅಕ್ಷರದ ಸಂಖ್ಯೆ 65. ಇಂಗ್ಲಿಷಿಗೆ ಇಷ್ಟು ಸಾಕು. ಆದರೆ ಪ್ರಪಂಚದ ಇತರ ಭಾಷೆಗಳ ಗತಿಯೇನು? ಎಂಟನೆಯ ಬಿಟ್ಟನ್ನೂ ಬಳಸಿದರೆ ಇನ್ನೂ 128 ಸ್ಥಾನಗಳು ದೊರೆಯುತ್ತವೆ. ಈ ಸ್ಥಾನಗಳನ್ನು ಒಂದೊಂದು ದೇಶವೂ ತನ್ನ ಅಗತ್ಯಕ್ಕೆ ತಕ್ಕಂತೆ ತುಂಬಿಕೊಂಡಿತು. ಭಾರತೀಯ ಲಿಪಿಗಳಿಗಾಗಿ ರೂಪುಗೊಂಡ ‘ಇಸ್ಕಿ’ ಎಂಬ ಪಟ್ಟಿಯು 1991ರಲ್ಲಿ ರಾಷ್ಟ್ರೀಯ ಮಾನಕವಾಯಿತು. ಇದರ ಜೊತೆಗೆ, ರೋಮನ್ ಅಕ್ಷರಗಳ ಸ್ಥಾನಗಳಲ್ಲಿ ಕನ್ನಡ ಅಕ್ಷರಗಳ ತುಂಡುಗಳನ್ನು ಜೋಡಿಸಿಟ್ಟ ಬಗೆಬಗೆಯ ಅಕ್ಷರಶೈಲಿಗಳೂ ಬಳಕೆಗೆ ಬಂದವು. ಫಲವೇನೆಂದರೆ, ಒಂದೇ ಸಂಖ್ಯೆಯು ಒಂದು ಪಟ್ಟಿಯಲ್ಲಿ ಒಂದು ಅಕ್ಷರ, ಇನ್ನೊಂದು ಪಟ್ಟಿಯಲ್ಲಿ ಬೇರೊಂದು ಅಕ್ಷರವಾಯಿತು.

ಈ ಗೊಂದಲವನ್ನು ಹೋಗಲಾಡಿಸಲು ಎಲ್ಲ ಲಿಪಿಗಳಿಗೂ ಸೇರಿ ಒಂದೇ ಪಟ್ಟಿಯನ್ನು ರಚಿಸುವ ಪ್ರಯತ್ನ ನಡೆಯಿತು. ಅದುವೇ ‘ಯುನಿಕೋಡ್’. ಇದರ ಮೊದಲ ಆವೃತ್ತಿ 1991ರಲ್ಲಿ ಪ್ರಕಟವಾಯಿತು. ಇದರಲ್ಲಿ ಕನ್ನಡಕ್ಕೆ 3200ರಿಂದ 3327ರವರೆಗಿನ ಸ್ಥಾನಗಳನ್ನು ಮೀಸಲಿರಿಸಲಾಗಿದೆ. ‘ಕ’ ಅಕ್ಷರದ ಸಂಖ್ಯೆ 3221. ಆದರೆ ಒಂದು ಬೈಟ್‌ನಲ್ಲಿ ಹಿಡಿಸುವ ಅತಿ ದೊಡ್ಡ ಸಂಖ್ಯೆ 255 ತಾನೆ? ಇಷ್ಟು ದೊಡ್ಡ ಸಂಖ್ಯೆಯನ್ನು ಹಲವು ಬೈಟ್‌ಗಳಿಗೆ ಹಂಚಿಯೇ ಇಡಬೇಕಾಗುತ್ತದೆ. ಹೀಗೆ ಹಂಚುವ ಒಂದು ಜಾಣ ಕ್ರಮವನ್ನು 1992ರಲ್ಲಿ ಕೆನ್ ಥಾಂಪ್ಸನ್ ಮತ್ತು ರಾಬ್ ಪೈಕ್ ಎಂಬಿಬ್ಬರು ರೂಪಿಸಿದರು. ಅದರ ಹೆಸರು ‘ಯುಟಿಎಫ್-8’.

ಈ ಕ್ರಮದ ನಿಯಮಗಳು ಸರಳವಾಗಿವೆ. 128ಕ್ಕಿಂತ ಚಿಕ್ಕ ಸಂಖ್ಯೆಯುಳ್ಳ ಬೈಟ್ ತಾನೊಂದೇ ಒಂದು ಅಕ್ಷರವಾಗಿ ನಿಲ್ಲುತ್ತದೆ. 194ರಿಂದ 223ರವರೆಗಿನ ಬೈಟ್ ಒಂದು ಮುಂದಾಳು. ಅದರ ಹಿಂದೆ ಒಂದು ಹಿಂಬಾಲಕ ಬೈಟ್ ಬರಬೇಕು. 224ರಿಂದ 239ರವರೆಗಿನ ಮುಂದಾಳಿಗೆ ಎರಡು ಹಿಂಬಾಲಕಗಳು, 240ರಿಂದ 244ರವರೆಗಿನ ಮುಂದಾಳಿಗೆ ಮೂರು ಹಿಂಬಾಲಕಗಳು ಇರಬೇಕು. ಹಿಂಬಾಲಕ ಬೈಟ್‌ಗಳ ಸಂಖ್ಯೆ ಯಾವಾಗಲೂ 128 ಮತ್ತು 191ರ ನಡುವೆಯೇ ಇರುತ್ತದೆ. ಕನ್ನಡದ ಪ್ರತಿಯೊಂದು ಸಂಕೇತಕ್ಕೂ ಮೂರು ಬೈಟ್‌ಗಳು ಬೇಕು. ಉದಾಹರಣೆಗೆ, ‘ಕ’ ಎಂಬುದು 224, 178, 149 ಎಂಬ ಸರಣಿಯಾಗುತ್ತದೆ. ಇಲ್ಲಿ 224 ಮುಂದಾಳು, ಉಳಿದೆರಡು ಹಿಂಬಾಲಕಗಳು. ಮುಂದಾಳಿಲ್ಲದೆ ಹಿಂಬಾಲಕ ಬಂದರೆ, ಇಲ್ಲವೆ ಮುಂದಾಳಿನ ಹಿಂದೆ ಬರಬೇಕಾದಷ್ಟು ಹಿಂಬಾಲಕಗಳು ಬಾರದಿದ್ದರೆ, ಆ ಸರಣಿಯು ಅಮಾನ್ಯವಾಗುತ್ತದೆ. ಆಗ ಯಂತ್ರವು ಓದುವುದನ್ನೇ ನಿಲ್ಲಿಸಿ ದೋಷವನ್ನು ಸಾರುತ್ತದೆ. ಅಥವಾ 65533 ಎಂಬ ಸಂಖ್ಯೆಯುಳ್ಳ, ವಜ್ರಾಕೃತಿಯ ಪ್ರಶ್ನಾರ್ಥಕ ಚಿಹ್ನೆಯನ್ನು ಆ ಸ್ಥಳದಲ್ಲಿ ಇಡುತ್ತದೆ.

ಈಗ ಅನ್ನಪೂರ್ಣಳ ಹೆಸರಿಗೆ ಮರಳೋಣ. ಅ, ನ, ವಿರಾಮಚಿಹ್ನೆ, ನ, ಪ, ದೀರ್ಘ ಊಕಾರದ ಚಿಹ್ನೆ, ರ, ಮತ್ತೆ ವಿರಾಮಚಿಹ್ನೆ, ಣ ಎಂದು ಒಟ್ಟು ಒಂಬತ್ತು ಸಂಕೇತಗಳು. ಇಲ್ಲಿ ವಿರಾಮಚಿಹ್ನೆಯೆಂದರೆ ವ್ಯಂಜನದಲ್ಲಿರುವ ಅಕಾರವನ್ನು ತೆಗೆದುಹಾಕುವ ಗುರುತು. ಒಂದೊಂದು ಸಂಕೇತಕ್ಕೆ ಮೂರರಂತೆ ಒಟ್ಟು 27 ಬೈಟ್‌ಗಳಾದುವು. ಪಟ್ಟಿ ಸಿದ್ಧಪಡಿಸಿದವರು ಹೆಸರಿಗೆ 20 ಬೈಟ್‌ಗಳ ಜಾಗವನ್ನಷ್ಟೇ ಬಿಟ್ಟಿದ್ದರು. ಆರು ಸಂಕೇತಗಳಿಗೆ 18 ಬೈಟ್‌ಗಳು ಸಂದುವು; ಉಳಿದ ಎರಡರಲ್ಲಿ ‘ರ’ಕಾರದ ಮೊದಲ ಎರಡು ಬೈಟ್‌ಗಳು ಮಾತ್ರ ಹಿಡಿಸಿದುವು. ಮೂರನೆಯದು ಕತ್ತರಿಸಿಹೋಯಿತು. ಅಮಾನ್ಯ ಸರಣಿ ಹುಟ್ಟಿಕೊಂಡದ್ದು ಹೀಗೆ.

ಇಲ್ಲೊಂದು ಸಂಗತಿಯನ್ನು ಗಮನಿಸಬೇಕು. ಜಾಗವು 20ರ ಬದಲು 21 ಬೈಟ್‌ಗಳಷ್ಟಿದ್ದರೆ ಏನಾಗುತ್ತಿತ್ತು? ಹೆಸರು ‘ಅನ್ನಪೂರ’ ಎಂದು ಅಚ್ಚಾಗುತ್ತಿತ್ತು. ಸರಣಿಯಲ್ಲಿ ಯಾವ ದೋಷವೂ ಇರುತ್ತಿರಲಿಲ್ಲ. ಯಂತ್ರವು ಎಚ್ಚರಿಕೆಯನ್ನೂ ಕೊಡುತ್ತಿರಲಿಲ್ಲ. ಆದರೆ ಹೆಸರು ಮಾತ್ರ ತಪ್ಪಾಗಿರುತ್ತಿತ್ತು. ಆದುದರಿಂದ ದೋಷಸೂಚನೆಯನ್ನು ಕಂಡು ಬೇಸರಪಡಬಾರದು. ಅದು ನಮ್ಮನ್ನು ಎಚ್ಚರಿಸುವ ಹಿತೈಷಿ. ಸದ್ದಿಲ್ಲದೆ ನುಸುಳುವ ತಪ್ಪೇ ಹೆಚ್ಚು ಅಪಾಯಕಾರಿ.

ಇಂತಹ ಸದ್ದಿಲ್ಲದ ತಪ್ಪು ಇನ್ನೊಂದು ಬಗೆಯಲ್ಲಿಯೂ ಬರುತ್ತದೆ. ಯುಟಿಎಫ್-8ರಲ್ಲಿ ಬರೆದ ‘ಕ’ಕಾರವನ್ನು ಪಶ್ಚಿಮ ಯೂರೋಪಿನ ಭಾಷೆಗಳಿಗೆಂದು ಮಾಡಿದ ಎಂಟು ಬಿಟ್ಟಿನ ಪಟ್ಟಿಯೊಂದರ ಪ್ರಕಾರ ಓದಿದರೆ, ನೆತ್ತಿಯ ಮೇಲೆ ಗೆರೆಯುಳ್ಳ ರೋಮನ್ ಅಕ್ಷರ, ಮೇಲೆ ಏರಿಸಿ ಬರೆದ ಪುಟ್ಟ ಎರಡು, ಒಂದು ದಪ್ಪ ಚುಕ್ಕೆ ಎಂಬ ಮೂರು ಗುರುತುಗಳು ಕಾಣಿಸುತ್ತವೆ. ಬೈಟ್‌ಗಳು ಕೆಟ್ಟಿಲ್ಲ, ಓದಿದ ಪಟ್ಟಿ ತಪ್ಪು. ಸರಿಯಾದ ಪಟ್ಟಿಯನ್ನು ಸೂಚಿಸಿದೊಡನೆ ‘ಕ’ ಮತ್ತೆ ಮೂಡುತ್ತದೆ. ಹಳೆಯ ಕನ್ನಡ ಅಕ್ಷರಶೈಲಿಗಳಲ್ಲಿ ಸಿದ್ಧವಾದ ಕಡತಗಳ ಸಮಸ್ಯೆ ಇನ್ನಷ್ಟು ತೊಡಕಿನದು. ಅವುಗಳಲ್ಲಿ ಅಕ್ಷರದ ತುಂಡುಗಳು ಕಣ್ಣಿಗೆ ಕಾಣುವ ಕ್ರಮದಲ್ಲಿ ಇರುತ್ತವೆ. ‘ಸೂರ್ಯ’ ಎಂದು ಬರೆಯುವಾಗ ಅರ್ಕಾವೊತ್ತು ‘ಯ’ಕಾರದ ಆಚೆ ಬರುತ್ತದೆಯಷ್ಟೆ? ಯುನಿಕೋಡಿನಲ್ಲಾದರೋ ಉಚ್ಚಾರಣೆಯ ಕ್ರಮದಂತೆ ‘ರ’ಕಾರವೇ ಮೊದಲು ಬರಬೇಕು. ಆದುದರಿಂದ ಅಂಥ ಕಡತಗಳಲ್ಲಿ ಸಂಖ್ಯೆಗಳನ್ನು ಬದಲಿಸಿದರಷ್ಟೇ ಸಾಲದು. ಅವುಗಳ ಸ್ಥಾನವನ್ನೂ ಬದಲಿಸಬೇಕು.

ಹಾಗಾದರೆ ಕೆಟ್ಟಂತೆ ಕಾಣುವ ಕಡತವನ್ನು ಸರಿಪಡಿಸುವುದು ಹೇಗೆ? ಮೊದಲನೆಯದಾಗಿ, ಮೂಲ ಕಡತದ ಒಂದು ಪ್ರತಿಯನ್ನು ಹಾಗೆಯೇ ತೆಗೆದಿರಿಸಬೇಕು. ಎರಡನೆಯದಾಗಿ, ದೋಷ ಕಂಡ ಸ್ಥಳದಲ್ಲಿರುವ ಬೈಟ್‌ಗಳ ಸಂಖ್ಯೆಗಳನ್ನು ಪರೀಕ್ಷಿಸಬೇಕು. ಕೊನೆಯಲ್ಲಿ ಮಾತ್ರ ಸರಣಿ ಮುರಿದಿದ್ದರೆ ಕತ್ತರಿಸಿದ್ದೇ ಕಾರಣವೆಂದೂ, ಉದ್ದಕ್ಕೂ ಮುರಿದಿದ್ದರೆ ಕಡತವು ಬೇರೆ ಪಟ್ಟಿಗೆ ಸೇರಿದ್ದೆಂದೂ ಊಹಿಸಬಹುದು. ಮೂರನೆಯದಾಗಿ, ಕಡತವು ಯಾವ ಕಾಲದ್ದು, ಎಲ್ಲಿಂದ ಬಂದದ್ದು, ಯಾವ ತಂತ್ರಾಂಶದಿಂದ ಸಿದ್ಧವಾದದ್ದು ಎಂಬುದನ್ನು ವಿಚಾರಿಸಿ ಮೂಲ ಪಟ್ಟಿಯನ್ನು ಗೊತ್ತುಮಾಡಿಕೊಳ್ಳಬೇಕು. ಆಮೇಲೆ ಅದರಿಂದ ಯುಟಿಎಫ್-8ಕ್ಕೆ ಪರಿವರ್ತಿಸಿ, ಪರಿಚಿತವಾದ ಕೆಲವು ಹೆಸರುಗಳನ್ನು ಓದಿ ತಾಳೆನೋಡಬೇಕು. ಕತ್ತರಿಸಿಹೋದ ಬೈಟನ್ನು ಮಾತ್ರ ಯಾವ ಪರಿವರ್ತನೆಯೂ ಮರಳಿ ತರಲಾರದು. ಅದಕ್ಕೆ ಅನ್ನಪೂರ್ಣಳ ಮೂಲ ಅರ್ಜಿಯನ್ನೇ ನೋಡಿ ಹೆಸರನ್ನು ತುಂಬಬೇಕು. ಪಟ್ಟಿಯ ಜಾಗವನ್ನೂ ಹಿಗ್ಗಿಸಬೇಕು.

ದೋಷಸೂಚನೆ ಮರೆಯಾದರೆ ಸಾಕೆಂದು ಅಮಾನ್ಯ ಬೈಟ್‌ಗಳನ್ನು ಅಳಿಸಿಬಿಡುವವರೂ ಉಂಟು. ಪ್ರಶ್ನಾರ್ಥಕ ಚಿಹ್ನೆಗಳೊಡನೆಯೇ ಕಡತವನ್ನು ಮತ್ತೆ ಉಳಿಸಿದರೂ ಅದೇ ಅನಾಹುತ. ಹಳೆಯ ಬೈಟ್‌ಗಳು ಅಳಿದು ಚಿಹ್ನೆಯ ಬೈಟ್‌ಗಳು ಅಲ್ಲಿ ಕೂರುತ್ತವೆ. ಆಮೇಲೆ ಮೂಲದಲ್ಲಿ ಏನಿತ್ತೆಂಬುದನ್ನು ಆ ಕಡತದಿಂದ ಯಾರೂ ಹೇಳಲಾರರು.

ಶಾಸನಗಳನ್ನು ಓದುವ ವಿದ್ವಾಂಸರು ಸವೆದುಹೋದ ಅಕ್ಷರವನ್ನು ಕಂಡಾಗ ಕಲ್ಲಿನ ಮೇಲೆ ಹೊಸ ಅಕ್ಷರವನ್ನು ಕೊರೆಯುವುದಿಲ್ಲ. ಕಲ್ಲನ್ನು ಇದ್ದಂತೆಯೇ ಬಿಟ್ಟು, ಅದರ ಪಡಿಯಚ್ಚನ್ನು ತೆಗೆದು, ತಾವು ಊಹಿಸಿದ ಅಕ್ಷರವನ್ನು ಆವರಣಚಿಹ್ನೆಯೊಳಗೆ ತೋರಿಸುತ್ತಾರೆ. ಮುಂದೆ ಬರುವವರು ಇನ್ನೂ ಚೆನ್ನಾಗಿ ಓದಿಯಾರು ಎಂಬ ವಿನಯ ಅದರಲ್ಲಿದೆ. ಗಣಕಯಂತ್ರದೊಳಗಿನ ಬರೆಹವೂ ಇದೇ ಗೌರವಕ್ಕೆ ಅರ್ಹವಾದುದು. ಒಂದು ಬೈಟ್ ಕಣ್ಣಿಗೆ ಕಾಣದಷ್ಟು ಅಲ್ಪವಾದುದಾದರೂ, ಅದು ಕಳೆದುಹೋದರೆ ಒಬ್ಬ ವ್ಯಕ್ತಿಯ ಹೆಸರೇ ಕೆಡಬಹುದು ಎಂಬುದನ್ನು ಮರೆಯಲಾಗದು.