ಆಕಾಶದ ಮನೆ, ಪೀಣ್ಯದ ಕೋಣೆ

2025ರ ಜುಲೈ ತಿಂಗಳ ಒಂದು ಸಂಜೆ. ಪೀಣ್ಯದ ನಮ್ಮ ದವಾಖಾನೆಯಲ್ಲಿ ಸರದಿಗಾಗಿ ಕುಳಿತವರೆಲ್ಲ ಒಂದೇ ಮೊಬೈಲಿಗೆ ಕಣ್ಣು ನೆಟ್ಟಿದ್ದರು. ಶುಭಾಂಶು ಶುಕ್ಲಾ ಬಾಹ್ಯಾಕಾಶ ನಿಲ್ದಾಣದಲ್ಲಿ ತೇಲುತ್ತಿದ್ದ ವಿಡಿಯೋ ಅದು. ಸರದಿ ಬಂದಾಗ ಒಳಗೆ ಬಂದ ಹುಡುಗನಿಗೆ ಇಪ್ಪತ್ತನಾಲ್ಕು ವರ್ಷ. ಕಲಬುರಗಿ ಕಡೆಯವನು, ಸಿಎನ್‌ಸಿ ಮೆಷಿನ್ ನಡೆಸುತ್ತಾನೆ. ಎದೆಯುರಿ, ನಿದ್ರೆ ಬಾರದು ಎಂದು ಅದಕ್ಕೂ ಮೊದಲು ಎರಡು ಸಲ ಬಂದಿದ್ದ. ಎರಡು ಸಲವೂ ಔಷಧಿ ಬರೆದು ಕಳಿಸಿದ್ದೆ. ಈ ಸಲ ತೂಕ ನೋಡಿದರೆ ಆರು ಕಿಲೋ ಇಳಿದಿತ್ತು.

ಕುರ್ಚಿಯಲ್ಲಿ ಕೂರುತ್ತಲೇ ಅವನು ಹೇಳಿದ: “ಆಪಾ, ಅಲ್ಲಿ ಮ್ಯಾಲ ಹನ್ನೊಂದು ಮಂದಿ ಒಂದ ಮನ್ಯಾಗ ಅದಾರಂತ. ನಾವು ಐದು ಮಂದಿ ಒಂದ ರೂಮಿನ್ಯಾಗ ಅದೀವಿ. ಒಬ್ಬರ ಮಾರಿ ಒಬ್ಬರು ನೋಡಿ ವಾರ ಆತು.”

ಐವರಿಗೂ ಬೇರೆ ಬೇರೆ ಶಿಫ್ಟ್. ಒಬ್ಬ ಎದ್ದು ಹೋದ ಹಾಸಿಗೆಯಲ್ಲಿ ಇನ್ನೊಬ್ಬ ಮಲಗುತ್ತಾನೆ. ಎರಡು ತಿಂಗಳಿಂದ ತಾಯಿಯ ಫೋನ್ ಕೂಡ ಎತ್ತುತ್ತಿಲ್ಲ. ಏಕೆಂದು ಕೇಳಿದರೆ, “ಏನ್ ಮಾತಾಡಬೇಕು ಆಪಾ?” ಎಂದ. ಈ ಪ್ರಶ್ನೆಗಳನ್ನು ನಾನು ಮೊದಲ ಸಲವೇ ಕೇಳಬೇಕಿತ್ತು. ಕೇಳಿರಲಿಲ್ಲ.

ಕಲಿತ ಪಾಠವನ್ನೇ ನಾನು ಮರೆತಿದ್ದೆ. ಯುನಾನಿ ವೈದ್ಯಶಾಸ್ತ್ರದ ಮೊದಲ ಪಾಠಗಳಲ್ಲಿ ‘ಅಸ್ಬಾಬೆ ಸಿತ್ತ ಝರೂರಿಯ’ ಬರುತ್ತದೆ. ಅಂದರೆ ಮನುಷ್ಯ ಬದುಕಿರುವವರೆಗೆ ಬಿಡಲಾಗದ ಆರು ಅಗತ್ಯಗಳು: ಸುತ್ತಲಿನ ಗಾಳಿ, ಅನ್ನ ನೀರು, ದೇಹದ ಚಲನೆ ಮತ್ತು ವಿಶ್ರಾಂತಿ, ಮನಸ್ಸಿನ ಚಲನೆ ಮತ್ತು ವಿಶ್ರಾಂತಿ, ನಿದ್ರೆ ಮತ್ತು ಎಚ್ಚರ, ದೇಹ ಹಿಡಿದಿಡುವುದು ಮತ್ತು ಹೊರಹಾಕುವುದು. ಈ ಆರರಲ್ಲಿ ಒಂದು ಕೆಟ್ಟರೂ ಕಾಯಿಲೆ ಬರುತ್ತದೆ. ಭೂಮಿಯ ಮೇಲೆ ಇವು ತಾವಾಗಿಯೇ ಸಿಗುತ್ತವೆ ಎಂದುಕೊಂಡು ನಾವು ಅವುಗಳ ಬಗ್ಗೆ ಯೋಚಿಸುವುದಿಲ್ಲ. ಸುಮಾರು 400 ಕಿಲೋಮೀಟರ್ ಎತ್ತರದಲ್ಲಿರುವ ಬಾಹ್ಯಾಕಾಶ ನಿಲ್ದಾಣದಲ್ಲಿ ಒಂದೂ ತಾನಾಗಿ ಸಿಗದು. ಆರನ್ನೂ ಲೆಕ್ಕ ಹಾಕಿ ಒದಗಿಸಬೇಕು.

ಇದು ನಮ್ಮ ಪೀಣ್ಯಕ್ಕೆ ದೂರದ ಮಾತಲ್ಲ. ಇಸ್ರೋದ ಇಸ್ಟ್ರ್ಯಾಕ್ ಕೇಂದ್ರ ಇರುವುದು ಇಲ್ಲೇ, ಲೇತ್ ಮತ್ತು ಪ್ಲೇಟಿಂಗ್ ಘಟಕಗಳ ನಡುವೆ. 2023ರ ಆಗಸ್ಟ್ 23ರಂದು ಚಂದ್ರಯಾನ-3 ಚಂದ್ರನ ಮೇಲೆ ಇಳಿದಾಗ ಅದರ ನಿಯಂತ್ರಣ ಇಲ್ಲಿಂದಲೇ ನಡೆಯಿತು. ಗಗನಯಾನಕ್ಕಾಗಿ ಮಾನವ ಬಾಹ್ಯಾಕಾಶ ಯಾನ ಕೇಂದ್ರ 2019ರಲ್ಲಿ ಬೆಂಗಳೂರಿನಲ್ಲೇ ಆರಂಭವಾಯಿತು. 2035ರ ವೇಳೆಗೆ ಭಾರತದ್ದೇ ಬಾಹ್ಯಾಕಾಶ ನಿಲ್ದಾಣ ನಿಲ್ಲಿಸುವ ಗುರಿಯಿದೆ. ಆಗ ನಮ್ಮವರು ಅಲ್ಲಿ ಹೋಗಿ ಬರುವುದಷ್ಟೇ ಅಲ್ಲ, ವಾಸವನ್ನೂ ಮಾಡಬೇಕಾಗುತ್ತದೆ. ಆ ಮನೆಯಲ್ಲಿ ಮನುಷ್ಯನನ್ನು ಹೇಗೆ ನೋಡಿಕೊಳ್ಳುತ್ತಾರೆ ಎಂದು ತಿಳಿದರೆ ನಮ್ಮ ಕೋಣೆಗಳಲ್ಲಿ ಏನು ತಪ್ಪಿದೆ ಎಂಬುದೂ ತಿಳಿಯುತ್ತದೆ.

ಗಾಳಿ

ಭೂಮಿಯ ಮೇಲೆ ನಮ್ಮ ಬಿಸಿಯುಸಿರು ಮೇಲೇರಿ ಹೋಗುತ್ತದೆ. ತೂಕವಿಲ್ಲದ ಆ ಮನೆಯಲ್ಲಿ ಹಾಗಾಗುವುದಿಲ್ಲ. ಫ್ಯಾನ್ ಗಾಳಿ ಆಡಿಸದಿದ್ದರೆ ಮಲಗಿದವರ ಮುಖದ ಸುತ್ತ ಅವರು ಬಿಟ್ಟ ಉಸಿರೇ ನಿಲ್ಲುತ್ತದೆ, ತಲೆನೋವು ಬರುತ್ತದೆ. ಆದ್ದರಿಂದ ಮಲಗುವ ಜಾಗಕ್ಕೆ ಗಾಳಿ ಹಾಯುವ ವ್ಯವಸ್ಥೆ ಮೊದಲು, ಉಳಿದದ್ದು ಆಮೇಲೆ.

ಧೂಳು ಮತ್ತು ಸೊಳ್ಳೆಗೆ ಹೆದರಿ ನಮ್ಮ ಹುಡುಗರು ಇರುವ ಒಂದೇ ಕಿಟಕಿಯನ್ನೂ ಮುಚ್ಚುತ್ತಾರೆ. ಒಳಗೆ ಸೊಳ್ಳೆ ಬತ್ತಿ ಹಚ್ಚುತ್ತಾರೆ. ಮೂಲೆಯಲ್ಲಿ ಆಯಿಲ್ ಮೆತ್ತಿದ ಕೆಲಸದ ಬಟ್ಟೆಯ ರಾಶಿ. ಬೆಳಿಗ್ಗೆ ತಲೆ ಭಾರ ಎಂದು ಬರುತ್ತಾರೆ. ಕಿಟಕಿಗೆ ಜಾಲರಿ ಹೊಡೆಸಿ, ತೆರೆದಿಡಿ. ಸೊಳ್ಳೆ ಬತ್ತಿಯ ಬದಲು ಸೊಳ್ಳೆಪರದೆ ಕಟ್ಟಿ. ಕೆಲಸದ ಬಟ್ಟೆ ಕೋಣೆಯ ಹೊರಗಿರಲಿ, ಅದನ್ನು ಮನೆಯವರ ಬಟ್ಟೆಯೊಂದಿಗೆ ಒಗೆಯಬೇಡಿ.

ಅನ್ನ ಮತ್ತು ನೀರು

ಬಾಹ್ಯಾಕಾಶದಲ್ಲಿ ದೇಹದ ದ್ರವ ತಲೆಯತ್ತ ಏರುತ್ತದೆ. ನೆಗಡಿಯಾದಂತೆ ಮೂಗು ಕಟ್ಟಿ ರುಚಿ ಮಂಕಾಗುತ್ತದೆ, ಊಟ ಸೇರದೆ ತೂಕ ಇಳಿಯುವ ಅಪಾಯವಿದೆ. ಅದಕ್ಕೇ ನಾಲಿಗೆಗೆ ಪರಿಚಯವಿರುವ ಊಟಕ್ಕೆ ಅಲ್ಲಿ ಬಹಳ ಬೆಲೆ. 1984ರಲ್ಲಿ ರಾಕೇಶ್ ಶರ್ಮಾ ಅವರಿಗೆ ಆಹಾರ ಸಿದ್ಧಪಡಿಸಿದ ಮೈಸೂರಿನ ರಕ್ಷಣಾ ಆಹಾರ ಸಂಶೋಧನಾಲಯವೇ ಗಗನಯಾನದ ಆಹಾರವನ್ನೂ ರೂಪಿಸಿದೆ. ಶುಕ್ಲಾ ಕ್ಯಾರೆಟ್ ಹಲ್ವಾ, ಹೆಸರುಬೇಳೆ ಹಲ್ವಾ, ಮಾವಿನ ರಸ ಒಯ್ದು ಜೊತೆಯವರಿಗೂ ಹಂಚಿದರು.

ಅವರ ಜೊತೆ ಹೋದದ್ದರಲ್ಲಿ ನಮ್ಮ ಅಡುಗೆಮನೆಯ ಎರಡು ಕಾಳುಗಳೂ ಇದ್ದವು: ಹೆಸರು ಮತ್ತು ಮೆಂತ್ಯ. ಧಾರವಾಡದ ಕೃಷಿ ವಿಶ್ವವಿದ್ಯಾಲಯ ಮತ್ತು ಐಐಟಿ ಸೇರಿ ರೂಪಿಸಿದ ಪ್ರಯೋಗವದು. ಗಗನಯಾತ್ರಿಗಳಿಗೆ ತಾಜಾ ಆಹಾರ ಅಲ್ಲೇ ಬೆಳೆಯಬಹುದೇ ಎಂದು ತಿಳಿಯಲು ಅವನ್ನು ಮೊಳಕೆ ಬರಿಸಿದರು. ಯುನಾನಿಯಲ್ಲಿ ಮೆಂತ್ಯಕ್ಕೆ ‘ಹುಲ್ಬಾ’ ಎನ್ನುತ್ತೇವೆ, ನಮ್ಮ ಹಳೆಯ ಔಷಧಿ ಅದು.

ಒಲೆಯಿಲ್ಲದ ಪಿಜಿಯಲ್ಲೂ ಕಾಳು ಮೊಳಕೆ ಬರುತ್ತದೆ. ರಾತ್ರಿ ನೆನೆಸಿ, ಒದ್ದೆ ಬಟ್ಟೆಯಲ್ಲಿ ಕಟ್ಟಿ, ದಿನಕ್ಕೆರಡು ಸಲ ಶುದ್ಧ ನೀರಿನಲ್ಲಿ ತೊಳೆಯಿರಿ. ಲೋಳೆಯಾದರೆ, ವಾಸನೆ ಬಂದರೆ ಎಸೆಯಿರಿ. ಗರ್ಭಿಣಿಯರು ಮತ್ತು ಚಿಕ್ಕ ಮಕ್ಕಳಿಗೆ ಹಸಿ ಮೊಳಕೆ ಬೇಡ, ಹೆಸರು ಮೊಳಕೆಯನ್ನು ಚೆನ್ನಾಗಿ ಬೇಯಿಸಿ ಕೊಡಿ. ಗರ್ಭಿಣಿಯರು ಔಷಧಿಯೆಂದು ಹೆಚ್ಚು ಮೆಂತ್ಯ ತಿನ್ನಬಾರದು. ಸಕ್ಕರೆ ಕಾಯಿಲೆಗೆ ಮಾತ್ರೆ ನುಂಗುವವರು ವೈದ್ಯರನ್ನು ಕೇಳದೆ ದಿನವೂ ಮೆಂತ್ಯ ತಿನ್ನಬೇಡಿ, ಸಕ್ಕರೆ ತೀರಾ ಇಳಿಯಬಹುದು.

ದೇಹದ ಚಲನೆ ಮತ್ತು ವಿಶ್ರಾಂತಿ

ಭಾರ ಹೊರದ ಮೂಳೆ ಸವೆಯುತ್ತದೆ. ಬಾಹ್ಯಾಕಾಶದಲ್ಲಿ ಸೊಂಟ, ಕಾಲಿನಂಥ ಭಾರ ಹೊರುವ ಮೂಳೆಗಳ ಸಾಂದ್ರತೆ ತಿಂಗಳಿಗೆ ಶೇ. 1ರಿಂದ 1.5ರಷ್ಟು ಇಳಿಯಬಹುದು. ಇದನ್ನು ತಡೆಯಲು ದಿನಕ್ಕೆ ಸುಮಾರು ಎರಡು ಗಂಟೆ ವ್ಯಾಯಾಮ. ಅದೂ ಕೆಲಸದ ವೇಳೆಯಲ್ಲೇ ಸೇರಿದೆ. ಬಿಸಿಲು ಮೈಗೆ ಬೀಳದ ಕಾರಣ ವಿಟಮಿನ್ ಡಿ ಮಾತ್ರೆಯನ್ನೂ ಕೊಡುತ್ತಾರೆ.

“ಹನ್ನೆರಡು ಗಂಟೆ ನಿಂತೇ ಇರ್ತೀನಿ, ಇನ್ನೇನು ವ್ಯಾಯಾಮ?” ಎಂದು ಕೇಳುವವರು ನನ್ನಲ್ಲಿ ಬಹಳ. ನಿಂತಿರುವುದು ಚಲನೆಯಲ್ಲ. ರಕ್ತ ಕಾಲಿನಲ್ಲಿ ನಿಂತು ಬಾವು ಬರುತ್ತದೆ, ನರಗಳು ಉಬ್ಬುತ್ತವೆ. ಗಂಟೆಗೊಮ್ಮೆ ಇಪ್ಪತ್ತು ಸಲ ಹಿಮ್ಮಡಿ ಎತ್ತಿ ಇಳಿಸಿ. ಕೋಣೆಗೆ ಬಂದು ಹತ್ತು ನಿಮಿಷ ಕಾಲನ್ನು ಗೋಡೆಗೆ ಎತ್ತಿಟ್ಟು ಮಲಗಿ. ರಾತ್ರಿ ಪಾಳಿಯವರು, ಮನೆಯಿಂದ ಹೊರಬರದ ತಾಯಂದಿರು ಸ್ವಲ್ಪ ಹೊತ್ತು ಬಿಸಿಲಿಗೆ ಬನ್ನಿ.

ನಿದ್ರೆ ಮತ್ತು ಎಚ್ಚರ

ನಿಲ್ದಾಣ ಸುಮಾರು ಒಂದೂವರೆ ಗಂಟೆಗೊಮ್ಮೆ ಭೂಮಿಯನ್ನು ಸುತ್ತುತ್ತದೆ. ದಿನಕ್ಕೆ 16 ಸೂರ್ಯೋದಯ, 16 ಸೂರ್ಯಾಸ್ತ. ಗಗನಯಾತ್ರಿಗಳ ನಿದ್ರೆಯ ಅಧ್ಯಯನವೊಂದರಲ್ಲಿ ಅವರು ಮಲಗುತ್ತಿದ್ದುದು ಸರಾಸರಿ ಸುಮಾರು 6 ಗಂಟೆ. ಬಹಳ ಮಂದಿ ನಿದ್ರೆ ಮಾತ್ರೆಯನ್ನೂ ಬಳಸಿದ್ದರು. ಹೀಗಾಗಿ ಅಲ್ಲಿ ಸೂರ್ಯನನ್ನು ಬಿಟ್ಟು ಗಡಿಯಾರ ಹಿಡಿದಿದ್ದಾರೆ. ಮಲಗುವ ಹೊತ್ತು ನಿಗದಿ, ದೀಪದ ಬಣ್ಣವೂ ಅದಕ್ಕೆ ತಕ್ಕಂತೆ ಬದಲಾಗುತ್ತದೆ.

ಈ ಪ್ರಶ್ನೆ ನಮ್ಮ ಆರಾಧನೆಗೂ ಬಂದಿತ್ತು. 2007ರ ಅಕ್ಟೋಬರ್‌ನಲ್ಲಿ, ರಮಝಾನಿನ ಕೊನೆಯ ದಿನಗಳಲ್ಲಿ ಮಲೇಷ್ಯಾದ ವೈದ್ಯ ಶೇಖ್ ಮುಝಫರ್ ಶುಕೂರ್ ನಿಲ್ದಾಣಕ್ಕೆ ಹೊರಟಾಗ ಅಲ್ಲಿನ ವಿದ್ವಾಂಸರು ಮಾರ್ಗದರ್ಶಿ ಸಿದ್ಧಪಡಿಸಿದರು. ದಿನಕ್ಕೆ ಐದು ನಮಾಝ್ ಮಾತ್ರ, ಸಮಯ ರಾಕೆಟ್ ಹಾರಿದ ಊರಿನದು. ಕಿಬ್ಲಾದ ಕಡೆ ತಿರುಗುವುದು ಸಾಧ್ಯವಾದಷ್ಟು. ನೀರಿಲ್ಲದಿದ್ದರೆ ತಯಮ್ಮುಮ್. 2023ರಲ್ಲಿ ಆರು ತಿಂಗಳು ಅಲ್ಲಿದ್ದ ಯುಎಇಯ ಸುಲ್ತಾನ್ ಅಲ್ ನಿಯಾದಿ, ತಾನು ಮುಸಾಫಿರ್, ಆದ್ದರಿಂದ ಉಪವಾಸ ತನ್ನ ಮೇಲೆ ಕಡ್ಡಾಯವಲ್ಲ ಎಂದು ಮೊದಲೇ ತಿಳಿಸಿದ್ದರು. ದೇಹಕ್ಕೆ ತಾಳದ ಹೊರೆ ಹೊರಿಸುವುದು ಧರ್ಮದ ಉದ್ದೇಶವಲ್ಲ.

ರಾತ್ರಿ ಪಾಳಿಯವರಿಗೆ ನಾನು ಹೇಳುವುದೂ ಇದನ್ನೇ: ನಿಮ್ಮ ದಿನಕ್ಕೊಂದು ಗೂಟ ಬೇಕು. ಪಾಳಿ ಬದಲಾಗದ ದಿನಗಳಲ್ಲಿ ಒಂದೇ ಹೊತ್ತಿಗೆ ಮಲಗಿ. ಕಿಟಕಿಗೆ ದಪ್ಪ ಬಟ್ಟೆ ಇಳಿಬಿಡಿ, ಗಾಳಿಗೆ ದಾರಿಯಿರಲಿ. ಪಾಳಿಯ ಕೊನೆಯ ನಾಲ್ಕೈದು ಗಂಟೆಯಲ್ಲಿ ಚಹಾ ಬೇಡ. ಮೊಬೈಲ್ ಹಾಸಿಗೆಯಿಂದ ದೂರವಿರಲಿ.

ಹಿಡಿದಿಡುವುದು ಮತ್ತು ಹೊರಹಾಕುವುದು

ಹೇಳಲು ನಾಚುವ ವಿಷಯ. ಆದರೆ ಬಾಹ್ಯಾಕಾಶ ನೌಕೆ ಕಟ್ಟುವವರು ಇದಕ್ಕೆ ನಾಚುವುದಿಲ್ಲ. ಶೌಚಾಲಯ ಸರಿಯಿಲ್ಲದ ಮನೆಯಲ್ಲಿ ಯಾರೂ ಉಳಿಯಲಾರರು ಎಂದು ಅವರಿಗೆ ಗೊತ್ತು. ಅಲ್ಲಿ ಸ್ನಾನವಿಲ್ಲ, ಒದ್ದೆ ಬಟ್ಟೆಯಲ್ಲಿ ಮೈ ಒರೆಸಿಕೊಳ್ಳಬೇಕು. ಬಟ್ಟೆ ಒಗೆಯಲಾಗದು. ಮೂತ್ರ, ಬೆವರು, ಉಸಿರಿನ ತೇವವನ್ನೂ ಶುದ್ಧೀಕರಿಸಿ ಕುಡಿಯುವ ನೀರು ಮಾಡುತ್ತಾರೆ. 2023ರಲ್ಲಿ ಈ ಮರುಬಳಕೆ ಶೇ. 98ಕ್ಕೆ ತಲುಪಿತು.

ಇತ್ತ ಗಾರ್ಮೆಂಟ್ಸ್‌ನ ಹೆಣ್ಣುಮಕ್ಕಳು ಉರಿಮೂತ್ರ ಎಂದು ನನ್ನ ಬಳಿ ಬರುತ್ತಾರೆ. ನೀರು ಎಷ್ಟು ಕುಡಿಯುತ್ತೀರಿ ಎಂದು ಕೇಳಿದರೆ ತಲೆ ತಗ್ಗಿಸುತ್ತಾರೆ. ಕುಡಿದರೆ ಎದ್ದು ಹೋಗಬೇಕು, ಎದ್ದರೆ ಸೂಪರ್‌ವೈಸರ್ ಗದರುತ್ತಾನೆ, ಹೋದರೆ ಅಲ್ಲಿ ನೀರಿಲ್ಲ. ಇದಕ್ಕೆ ಬರೀ ಶರಬತ್ತು ಬರೆದುಕೊಟ್ಟರೆ ಸಾಲದು. ಮೂತ್ರ ಕಟ್ಟಬೇಡಿ, ನೀರು ಬಿಡಬೇಡಿ. ಜ್ವರ, ಚಳಿ, ಸೊಂಟದ ಬದಿಯಲ್ಲಿ ನೋವು ಇದ್ದರೆ ಅಂದೇ ಆಸ್ಪತ್ರೆಗೆ ಹೋಗಿ. ಕಾರ್ಖಾನೆ ನಡೆಸುವವರು ಈ ಪುಟ ಓದುತ್ತಿದ್ದರೆ ಒಂದು ಮಾತು: ಶುಚಿಯಾದ ಶೌಚಾಲಯ ಕಾರ್ಮಿಕರಿಗೆ ನೀವು ತೋರುವ ದಯೆಯಲ್ಲ, ಅದು ಅವರ ಹಕ್ಕು.

ಮನಸ್ಸು

ಕೊನೆಯದು ಮನಸ್ಸು. ಆ ಹುಡುಗನಲ್ಲಿ ಕೆಟ್ಟಿದ್ದೂ ಇದೇ. 2010ರ ಜೂನ್‌ನಿಂದ 2011ರ ನವೆಂಬರ್‌ವರೆಗೆ ಮಾಸ್ಕೋದಲ್ಲಿ ಆರು ಗಂಡಸರು 520 ದಿನ ಮುಚ್ಚಿದ ಕೋಣೆಗಳಲ್ಲಿ ಇದ್ದರು. ಮಂಗಳಕ್ಕೆ ಹೋಗಿ ಬರುವ ಪ್ರಯಾಣದ ತಾಲೀಮು ಅದು. ಎಲ್ಲರೂ ಆರಿಸಿ ತೆಗೆದ ಗಟ್ಟಿಗರು. ಆದರೂ ದಿನ ಕಳೆದಂತೆ ಅವರ ಓಡಾಟ ಕಡಿಮೆಯಾಯಿತು, ಕೆಲವರ ನಿದ್ರೆಯ ಲಯ ತಪ್ಪಿತು, ಒಬ್ಬರಲ್ಲಿ ಖಿನ್ನತೆಯ ಲಕ್ಷಣ ಕಂಡಿತು. ನಮ್ಮ ಬೆಂಗಳೂರಿನ ವಾಯುಪಡೆಯ ವೈಮಾನಿಕ ವೈದ್ಯಕೀಯ ಸಂಸ್ಥೆಯಲ್ಲೂ 2025ರಲ್ಲಿ ಗಗನಯಾತ್ರಿ ಅಂಗದ್ ಪ್ರತಾಪ್ ಮತ್ತು ಸಂಗಡಿಗರು ಹತ್ತು ದಿನ ಇಕ್ಕಟ್ಟಾದ ಮಾದರಿ ನೌಕೆಯಲ್ಲಿ ಇದ್ದು ನೋಡಿದರು.

ಹೀಗೆ ಕಲಿತದ್ದನ್ನು ಬಾಹ್ಯಾಕಾಶದ ಮನೆಯಲ್ಲಿ ನಿಯಮ ಮಾಡಿದ್ದಾರೆ. ಮನೆಯವರೊಂದಿಗೆ ಮಾತಾಡಲು ಸಮಯ ಕಾದಿರಿಸುತ್ತಾರೆ. ನಾಸಾದ ಗಗನಯಾತ್ರಿಗಳು ಎರಡು ವಾರಕ್ಕೊಮ್ಮೆ ಮನೋವೈದ್ಯರು ಅಥವಾ ಮನಶ್ಶಾಸ್ತ್ರಜ್ಞರೊಂದಿಗೆ ಗುಟ್ಟಾಗಿ ಮಾತಾಡುತ್ತಾರೆ, ಅದಕ್ಕಾಗಿ ಯಾರೂ ಅವರನ್ನು ‘ಹುಚ್ಚ’ ಎನ್ನುವುದಿಲ್ಲ. ತಟ್ಟೆಯೇ ತೇಲುವ ಆ ಮನೆಯಲ್ಲಿ ಊಟದ ಮೇಜು ಇದೆ. ಒಟ್ಟಿಗೆ ಕೂಡಲು ಒಂದು ಜಾಗ ಬೇಕಲ್ಲ, ಅದಕ್ಕೆ. 2007ರ ಈದ್ ದಿನ ಶೇಖ್ ಮುಝಫರ್ ತಮ್ಮೂರಿನ ಸಾಟೆ ಮತ್ತು ಬಿಸ್ಕತ್ತನ್ನು ಜೊತೆಯ ಬೇರೆ ಧರ್ಮದವರಿಗೆ ಹಂಚಿ ತಿಂದರು.

ನಾನು ಆ ಹುಡುಗನ ಎದೆಯುರಿಗೆ ಔಷಧಿ ಮುಂದುವರಿಸಿದೆ. ಜೊತೆಗೆ ಮನೋವೈದ್ಯರಿಗೆ ಚೀಟಿ ಬರೆದುಕೊಟ್ಟೆ. ಮನಸ್ಸಿಲ್ಲದ ಮನಸ್ಸಿನಿಂದ ಹೋದ. ಐವರ ಪಾಳಿಯ ಚೀಟಿ ತರಿಸಿ ಇಬ್ಬರೂ ಕುಳಿತು ನೋಡಿದೆವು. ವಾರದಲ್ಲಿ ಐವರೂ ಕೋಣೆಯಲ್ಲಿರುವ ಹೊತ್ತು ಒಂದೇ: ಭಾನುವಾರ ಮಧ್ಯಾಹ್ನ ಎರಡು ಗಂಟೆ. ಆ ಹೊತ್ತಿಗೆ ಮಲಗುವುದು ಬೇಡ, ಒಟ್ಟಿಗೆ ಅಡುಗೆ ಮಾಡಿ ಎಂದೆ. ಎರಡು ತಿಂಗಳ ಮೇಲೆ ಬಂದಾಗ ಎರಡು ಕಿಲೋ ಏರಿತ್ತು. ಪೂರ್ತಿ ಸರಿಹೋಗಿದ್ದಾನೆ ಎನ್ನಲಾರೆ, ಮಾತ್ರೆ ಇನ್ನೂ ನಡೆದಿದೆ. ಆದರೆ ನನ್ನೆದುರು ಕುಳಿತಿದ್ದಾಗ ತಾಯಿಯ ಫೋನ್ ಬಂತು, ಎತ್ತಿದ.

ಎರಡು ವಾರ ದಾಟಿದ ಬೇಸರ, ಊಟ ನಿದ್ರೆ ಬಿಡುವುದು, ಯಾರೂ ಬೇಡ ಎನಿಸುವುದು ಇಮಾನಿನ ಕೊರತೆಯಲ್ಲ, ಕಾಯಿಲೆ. ಅದಕ್ಕೆ ಚಿಕಿತ್ಸೆ ಇದೆ. ಸರ್ಕಾರದ ಟೆಲಿ ಮಾನಸ್ ಸಹಾಯವಾಣಿ 14416ಕ್ಕೆ ಹಗಲು ರಾತ್ರಿ ಯಾವಾಗ ಬೇಕಾದರೂ ಉಚಿತವಾಗಿ ಕರೆ ಮಾಡಬಹುದು. ಕನ್ನಡದಲ್ಲೇ ಮಾತಾಡುತ್ತಾರೆ. ಸಾಯುವ ಮಾತು ಬಂದರಂತೂ ಒಂದು ಗಳಿಗೆಯೂ ಕಾಯಬೇಡಿ.

ನಿಮ್ಮ ಮನೆಯ ಹುಡುಗನೋ ಹುಡುಗಿಯೋ ದುಡಿಯಲು ಪೀಣ್ಯಕ್ಕೋ ದುಬೈಗೋ ಹೋಗಿರಬಹುದು. ಫೋನಿನಲ್ಲಿ “ಊಟ ಆಯ್ತಾ?” ಎಂದು ನೀವು ದಿನವೂ ಕೇಳುತ್ತೀರಿ. ಇನ್ನು ಮುಂದೆ ಇನ್ನೊಂದು ಮಾತು ಸೇರಿಸಿ: “ಯಾರ ಜೊತೆ ಮಾಡಿದೆ?”