ಮನೆಪತ್ರ ಅಡವಿಟ್ಟ ಮೇಲೆ

ಮಕ್ಕಳ ಓದಿಗೆಂದು ಮನೆಪತ್ರವನ್ನು ಬ್ಯಾಂಕಿನಲ್ಲಿ ಇಟ್ಟ ತಂದೆತಾಯಿಯರು ಊರೂರಿನಲ್ಲೂ ಇದ್ದಾರೆ. ಏಳೂವರೆ ಲಕ್ಷ ರೂಪಾಯಿವರೆಗಿನ ಶಿಕ್ಷಣ ಸಾಲಕ್ಕೆ ಸಾಮಾನ್ಯವಾಗಿ ಆಸ್ತಿ ಕೇಳುವುದಿಲ್ಲ. ಅದಕ್ಕೂ ಮೀರಿದರೆ ಕೇಳುವುದುಂಟು. ಓದು ಮುಗಿದು ನೌಕರಿ ತಡವಾಯಿತೆನ್ನಿ, ಕಂತು ನಿಲ್ಲುತ್ತದೆ. ಬಾಕಿ 90 ದಿನ ದಾಟಿದರೆ ಅದು ಸುಸ್ತಿ ಸಾಲ. ಆಮೇಲೆ ಮನೆಬಾಗಿಲಿಗೆ ಬರುವುದು 2002ರ ಸರ್ಫೇಸಿ ಕಾಯಿದೆಯ ನೋಟೀಸು.

ಈ ಕಾಯಿದೆಯಡಿ ಬ್ಯಾಂಕು ಮೊದಲು ದಾವೆ ಹೂಡಿ ಗೆಲ್ಲಬೇಕಾಗಿಲ್ಲ. 60 ದಿನಗಳ ಗಡುವು ಮುಗಿದರೂ ಹಣ ಬಾರದಿದ್ದರೆ ಆಸ್ತಿಯನ್ನು ವಶಕ್ಕೆ ತೆಗೆದುಕೊಂಡು ಹರಾಜು ಹಾಕಬಹುದು. ಇದು ಸರಿಯೇ ಎಂಬ ಪ್ರಶ್ನೆ ಮಾರ್ಡಿಯಾ ಕೆಮಿಕಲ್ಸ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟಿನವರೆಗೂ ಹೋಯಿತು. 2004ರಲ್ಲಿ ಬಂದ ತೀರ್ಪಿನಿಂದ ಕಾಯಿದೆಯೇನೋ ಉಳಿಯಿತು. ಆದರೆ ನ್ಯಾಯಮಂಡಳಿಗೆ ಹೋಗುವ ಮುನ್ನ ಬ್ಯಾಂಕು ಕೇಳಿದ ಹಣದ ಶೇ 75ರಷ್ಟನ್ನು ಠೇವಣಿ ಇಡಬೇಕೆಂಬ ಷರತ್ತು ಬಿದ್ದುಹೋಯಿತು. ಅಷ್ಟು ದುಡ್ಡು ಕೈಯಲ್ಲಿದ್ದವನು ಸುಸ್ತಿದಾರನಾದರೂ ಏಕಾಗುತ್ತಿದ್ದ! ಸಾಲಗಾರನ ಆಕ್ಷೇಪಣೆಗೆ ಬ್ಯಾಂಕು ಕಾರಣ ಕೊಟ್ಟು ಉತ್ತರಿಸಬೇಕೆಂದೂ ನ್ಯಾಯಾಲಯ ಹೇಳಿತು. ಈಗ ಆ ಉತ್ತರಕ್ಕೆ 15 ದಿನಗಳ ಮಿತಿ ಇದೆ.

ಇಷ್ಟಿದ್ದೂ ನೋಟೀಸನ್ನು ಕ್ಯಾಲೆಂಡರಿನ ಹಿಂದೆ ಸಿಕ್ಕಿಸಿ ಸುಮ್ಮನಾಗುವವರಿದ್ದಾರೆ. ಬ್ಯಾಂಕು ಆಸ್ತಿಯ ಮೇಲೆ ಕ್ರಮ ಕೈಗೊಂಡ 45 ದಿನಗಳೊಳಗೆ ಸಾಲ ವಸೂಲಾತಿ ನ್ಯಾಯಮಂಡಳಿಗೆ ಅರ್ಜಿ ಹಾಕಬೇಕು. ಕರ್ನಾಟಕದವರಿಗೆ ಅದು ಬೆಂಗಳೂರಿನಲ್ಲಿದೆ. ಊರಿನ ಸಿವಿಲ್ ಕೋರ್ಟಿಗೆ ಇದರಲ್ಲಿ ತಡೆಯಾಜ್ಞೆ ಕೊಡುವ ಅಧಿಕಾರವಿಲ್ಲ. ನೋಟೀಸು ಕ್ರಮವಾಗಿ ಜಾರಿಯಾಗಿಲ್ಲ, ಬಡ್ಡಿಯ ಲೆಕ್ಕ ತಪ್ಪಿದೆ, ಅಡವಿಟ್ಟಿದ್ದು ಕೃಷಿ ಜಮೀನು ಎಂಬಂಥ ತಕರಾರುಗಳನ್ನು ಮಂಡಳಿ ಪರಿಶೀಲಿಸುತ್ತದೆ. ಕೃಷಿ ಜಮೀನಿನ ಮೇಲೆ ಈ ಕಾಯಿದೆ ನಡೆಯುವುದೇ ಇಲ್ಲ. ಬರೀ ಕಷ್ಟ ಹೇಳಿಕೊಳ್ಳುವುದಾದರೆ ಮಂಡಳಿಗಿಂತ ಬ್ಯಾಂಕಿನ ಮ್ಯಾನೇಜರರ ಕೊಠಡಿಯೇ ವಾಸಿ.

ಅಲ್ಲಿ ನಡೆಯುವುದು ರಾಜಿಯ ಮಾತು. ಒಂದೇ ಗಂಟಿನಲ್ಲಿ ಇಷ್ಟು ಕಟ್ಟುತ್ತೇವೆ, ಉಳಿದ ಬಡ್ಡಿ ಬಿಡಿ ಎಂದು ಬರೆದು ಕೇಳಬಹುದು. ಕೇಳಬಹುದೇ ಹೊರತು ಹಕ್ಕೆಂದು ಒತ್ತಾಯಿಸುವಂತಿಲ್ಲ. ಬಿಜನೂರಿನ ಸಹಕಾರಿ ಬ್ಯಾಂಕೊಂದರ ಪ್ರಕರಣದಲ್ಲಿ 2021ರಲ್ಲಿ ಸುಪ್ರೀಂ ಕೋರ್ಟ್ ಇದನ್ನು ಸ್ಪಷ್ಟಪಡಿಸಿದೆ. ಒಪ್ಪಿದ ತಾರೀಕು ತಪ್ಪಿದರೆ ರಾಜಿ ಮುರಿದು ಹಳೆಯ ಬಾಕಿಯೆಲ್ಲ ಮತ್ತೆ ಹೆಗಲೇರಬಹುದು. ಲೋಕ ಅದಾಲತ್‌ನಲ್ಲಿ ಶುಲ್ಕವಿಲ್ಲದೆ ರಾಜಿಯಾಗಬಹುದು, ಆದರೆ ಅಲ್ಲಿನ ತೀರ್ಮಾನದ ಮೇಲೆ ಅಪೀಲಿಲ್ಲ. ಸಹಿ ಹಾಕುವ ಮುನ್ನ ಮೊತ್ತ, ದಿನಾಂಕ ಎರಡನ್ನೂ ಓದಿಕೊಳ್ಳಬೇಕು.

ವಿದ್ಯಾರ್ಥಿಗಳು ತಿಳಿಯಬೇಕಾದ್ದು ಇನ್ನೊಂದಿದೆ. ಶಿಕ್ಷಣ ಸಾಲದಲ್ಲಿ ಅವರ ಹೆಸರೂ ಇರುತ್ತದೆ. ರಿಯಾಯಿತಿಯಲ್ಲಿ ಮುಗಿದ ಸಾಲವು ಸಿಬಿಲ್ ದಾಖಲೆಯಲ್ಲಿ ‘ಪೂರ್ತಿ ತೀರಿದೆ’ ಎಂದಲ್ಲ, ‘ರಾಜಿಯಾಗಿದೆ’ ಎಂದು ನಮೂದಾಗುತ್ತದೆ. ನಾಳೆ ಮನೆ ಕಟ್ಟಲು ಸಾಲ ಕೇಳಿದಾಗ ಬ್ಯಾಂಕಿನವರು ಮೊದಲು ನೋಡುವುದು ಅದನ್ನೇ.

ಮನೆಪತ್ರದ ಮಾತು ಉಳಿಯಿತು. ರಿಸರ್ವ್ ಬ್ಯಾಂಕಿನ 2023ರ ಆದೇಶದಂತೆ ಸಾಲ ತೀರಿದ 30 ದಿನಗಳೊಳಗೆ ಮೂಲ ಪತ್ರಗಳನ್ನು ಹಿಂದಿರುಗಿಸಬೇಕು. ಬ್ಯಾಂಕಿನ ತಪ್ಪಿನಿಂದ ತಡವಾದರೆ ದಿನಕ್ಕೆ 5,000 ರೂಪಾಯಿಯಂತೆ ಬ್ಯಾಂಕೇ ಸಾಲಗಾರನಿಗೆ ತೆರಬೇಕು.